ಹನ್ನೊಂದನೇ ನಂಬರಿನ ಸಹಿ

ಎಡಗಾಲಿನವನು ಮುನೀರ, ಉಪ್ಪಳ್ಳಿಯವನು.
ಬಲಗಾಲು ಬರೀ ಊರಿಕೊಳ್ಳಲಿಕ್ಕೆ ಕಣೋ, ಅನ್ನುತ್ತಿದ್ದ.
ಇಡೀ ಮೈದಾನ ನಮಗೆ ಬಿಟ್ಟು
ಸುಣ್ಣದ ಗೆರೆಯ ಪಕ್ಕ ಒಂದು ಗೇಣು ಸಾಕೆಂದು
ಹದಿನಾಲ್ಕು ವರ್ಷ ಅದರಲ್ಲೇ ಓಡಿದ.
ಮ್ಯಾಚು ಮುಗಿದರೆ ನಮ್ಮ ಬೂಟಿಗೆಲ್ಲ ಕೆಮ್ಮಣ್ಣು,
ಅವನದಕ್ಕೆ ಮಾತ್ರ ಸುಣ್ಣ.

ನಾನು ಗೋಲ್‌ಕೀಪರು.
ಗೋಡೆ ಅಂತ ಕರೆಯುತ್ತಿದ್ದರು, ತೂತಾಗುವ ತನಕ.
ಈಗ ಬೇಲೂರು ರಸ್ತೆಯಲ್ಲಿ ಕೂತು
ಕಂಡವರ ತೂತು ಮುಚ್ಚುತ್ತೇನೆ,
ಕಾರಿಗೊಂದು ರೇಟು, ಸೈಕಲ್ಲಿಗೊಂದು.

ಹಾಸನದವರ ಮೇಲೆ ಸೆಮಿಫೈನಲು, ಎಪ್ಪತ್ತನೇ ನಿಮಿಷ,
ಅವನ ಎಡಮಂಡಿ ತಿರುಗಿತು.
ಒಣಸೌದೆ ಮುರಿದ ಸದ್ದು ನನ್ನ ಕಂಬದ ತನಕ ಬಂತು.
ಓಡಿದೆ. ಗೋಲು ಬಿಟ್ಟು, ನಡುಗೆರೆ ದಾಟಿ,
ಜನ್ಮದಲ್ಲಿ ಅದೊಂದೇ ಸಲ.
ರೆಫರಿ ಇನ್ನೂ ಸೀಟಿ ಊದಿರಲಿಲ್ಲ.
ಅವರು ಖಾಲಿ ಗೋಲಿಗೆ ಹೊಡೆದರು.
ಹೊಡೆಯಲಿ ಬಿಡಿ, ಅವರ ಕೆಲಸ ಅದು.
ಒಂದು ಸೊನ್ನೆ.
ಕಾಫಿ ಮೂಟೆಯ ಲಾರಿಯಲ್ಲಿ, ಗೋಣಿಚೀಲದ ಮೇಲೆ ಮಲಗಿಸಿ
ದೊಡ್ಡಾಸ್ಪತ್ರೆಗೆ ಒಯ್ದೆವು.
ದಾರಿಯುದ್ದಕ್ಕೂ ಸ್ಕೋರು ಕೇಳುತ್ತಿದ್ದ.
ಸುಳ್ಳು ಹೇಳಿದೆ.

ಆಮೇಲೆ ಕ್ಯೂರಿಂಗ್ ವರ್ಕ್ಸಿನಲ್ಲಿ ತೂಕ ಬರೆಯುವ ಕೆಲಸ.
ಬರೆದ ಬರೆದ, ಆರು ವರ್ಷ.
ಸಾಹುಕಾರರು ಒಂದು ದಿನ ಕರೆದು
ಲೆಕ್ಕ ಚೊಕ್ಕ ಇದೆಯಲ್ಲಯ್ಯಾ, ಟೀಮನ್ನೂ ನೀನೇ ನೋಡಿಕೋ, ಅಂದರಂತೆ.
ಹಾಗೆ ಸೆಕ್ರೆಟರಿಯಾದ.
ಮೂಗಿನ ಮೇಲೆ ಕನ್ನಡಕ, ಕಂಕುಳಲ್ಲಿ ಫೈಲು,
ಮೈದಾನಕ್ಕೆ ಡಿ.ಸಿ. ಆಫೀಸಿನ ಪರವಾನಗಿ,
ಜೆರ್ಸಿ ಒಗೆಸಿದ ಚೀಟಿ, ಬಾಳೆಹಣ್ಣಿನ ಬಿಲ್ಲು.
ಡಜನ್ನಿಗೆ ಒಂದು ಹಣ್ಣು ಕಮ್ಮಿ ಬಂದರೆ
ರಾತ್ರಿ ನಿದ್ದೆ ಬರಲ್ಲ ಕಣೋ ಗೋಡೆ, ಅನ್ನುತ್ತಾನೆ.
ಆಂಬುಲೆನ್ಸು ಗೇಟಿನೊಳಗೆ ಬಂದು ನಿಲ್ಲದೆ
ಟಾಸಿಗೆ ನಾಣ್ಯ ಕೊಡುವುದಿಲ್ಲ.
ಹೂಹಾರದ ಕುರ್ಚಿಯಲ್ಲಿ ಅವನು ಕೂತದ್ದು ಕಂಡವರಿಲ್ಲ;
ಅದೇ ಗೆರೆ, ಈಗ ಆಚೆ ಬದಿಗೆ.
ಪ್ಯಾಂಟಿನ ಅಂಚಿಗೆ ಸುಣ್ಣ.
ಪಕ್ಕ ನಿಂತ ಖಜಾಂಚಿಗೆ ಆಗಾಗ ಒದೆ ಬೀಳುತ್ತದೆ,
ಯಾರೂ ಏನೂ ಅನ್ನುವುದಿಲ್ಲ.

ಈ ಸಲ ಇಪ್ಪತ್ತಾರು ಹುಡುಗರು, ಹದಿನೆಂಟು ಹೆಸರು.
ನನ್ನ ಮದನ ಇಪ್ಪತ್ತಾರರಲ್ಲಿದ್ದ.
ಎತ್ತರ ಇದ್ದಾನೆ, ಕೈ ಉದ್ದ,
ಹಾರುವುದು ಮಾತ್ರ ಒಂದು ರೆಪ್ಪೆ ತಡ.
ನನಗೆ ಗೊತ್ತು. ಅವನಮ್ಮನಿಗೆ ಗೊತ್ತಿಲ್ಲ.

ಸ್ಟೇಡಿಯಂ ಗೇಟಿಗೆ ಪಟ್ಟಿ ಅಂಟಿಸಿದ್ದರು, ಮೈದಾಹಿಟ್ಟಿನ ಗೋಂದು ಇನ್ನೂ ಹಸಿ.
ಕೆಳಗಿನಿಂದ ಮೇಲಕ್ಕೆ ಓದಿದೆ.
ಮೊದಲು ಸಹಿ:
ಒಂದು ‘ಮು’, ಆಮೇಲೆ ಉದ್ದಕ್ಕೆ ಹೋಗಿ ತಟ್ಟನೆ ಒಳಗೆ ತಿರುಗುವ ಬಾಲ,
ಕಾರ್ನರಿನಿಂದ ಅವನು ಬಿಡುತ್ತಿದ್ದ ಚೆಂಡಿನ ಹಾಗೆ.
ಆಮೇಲೆ ಹೆಸರುಗಳು. ಹದಿನೆಂಟೂ.
ಇನ್ನೊಂದು ಸಲ, ಮೇಲಿನಿಂದ.

ಸಂಜೆ ಅವನೇ ಬಂದ, ಸ್ಕೂಟರಿನಲ್ಲಿ.
ಪಂಕ್ಚರ್ ಇರಲಿಲ್ಲ.
ಟಯರಿನ ರಾಶಿ ಮೇಲೆ ಕೂತ. ಬೈ ಟೂ ಚಹಾ ತರಿಸಿದೆ.
ಮಗಳ ಪರೀಕ್ಷೆ ಅಂದ, ಪೆಟ್ರೋಲು ಅಂದ,
ಐ.ಜಿ. ರಸ್ತೆ ಮತ್ತೆ ಅಗೆದಿದ್ದಾರೆ ಅಂದ.
ಆಮೇಲೆ, ‘ಗೋಡೆ’ ಅಂದ.
ಅಷ್ಟೇ.
ನಾನು ಬಾನಿಯ ನೀರಲ್ಲಿ ಟ್ಯೂಬು ಅದ್ದಿ
ಗುಳ್ಳೆ ಹುಡುಕುತ್ತಿದ್ದೆ. ಅವನೂ ಬಗ್ಗಿ ನೋಡಿದ.
ಯಾವ ಸೆಮಿಫೈನಲಿನ ಮಾತನ್ನೂ ನಾನು ತೆಗೆಯಲಿಲ್ಲ,
ನಾಲಿಗೆ ತುದಿಗೆ ಬಂದಿತ್ತು, ಬಂದಿರಲಿಲ್ಲ ಅನ್ನುವುದಿಲ್ಲ.
ಗುಳ್ಳೆ ಎದ್ದಿತು.
ನನಗಿಂತ ಮುಂಚೆ ಅವನ ಬೆರಳು ಹೋಯಿತು.
‘ಇಲ್ಲಿದೆ’ ಅಂದ.
ತೋಳು ಮೊಣಕೈ ತನಕ ಒದ್ದೆ, ಗಡಿಯಾರ ಸಮೇತ.

ಹೊರಡುವಾಗ ಸ್ಕೂಟರು ಹತ್ತಲಿಲ್ಲ.
ಬಲಗಾಲಿನಿಂದ ಕಿಕ್ಕು ಹೊಡೆದ, ನಾಲ್ಕು ಸಲ, ಐದು ಸಲ.
ಈಗ ಎಡಗಾಲು ಬರೀ ಊರಿಕೊಳ್ಳಲಿಕ್ಕೆ,
ಅದೂ ಪ್ರತಿ ಹೊಡೆತಕ್ಕೆ ನಡುಗುತ್ತಿತ್ತು.
ನಾನು ಹಿಂದಿನಿಂದ ತಳ್ಳಿದೆ.

ಯಾರಪ್ಪಾ ಬಂದಿದ್ದು? ಒಳಗಿನಿಂದ ಮದನ.

ನಮ್ಮ ಹನ್ನೊಂದನೇ ನಂಬರು, ಅಂದೆ.