ಕೈಗೆ ಸಿಗುವ ಗೆರೆ

ಎವ್ಲಿನ್ ಬರೆಟ್ಟೊ ಮೇಡಂ ಮಾತಿಗೆ ಮೊದಲು
ಒಮ್ಮೆ ಗಂಟಲು ಸರಿಮಾಡಿಕೊಳ್ಳುತ್ತಾರೆ.
ಆರು ಕಲಾವಿದರ ಆರು ಚಿತ್ರಗಳಿಂದ
ಆ ಸದ್ದನ್ನು ಕತ್ತರಿಸಿ ತೆಗೆದವನು ನಾನು.
ನನ್ನ ಕೆಲಸ ಅಷ್ಟೇ, ಕಿವಿ ಬಾಡಿಗೆಗೆ.

"ಅಚ್ಯುತ ಕಾಂಚನರ ಕಣ್ಣುಗಳು ನೋಡುವುದಿಲ್ಲ,
ಕಾಯುತ್ತವೆ," ಎಂದರು ಬೊಕ್ಕಪಟ್ಣದ ಕಡವಿನಲ್ಲಿ ನಿಂತು.
ದೋಣಿಯವ ಆಗಲೇ ಇಂಜಿನು ಹೊಡೆದ.
ಇನ್ನೊಮ್ಮೆ, ಎಂದೆ.
ಇನ್ನೊಮ್ಮೆಗೆ ಕಾಗೆ.
ಮೂರನೆಯ ಸಲಕ್ಕೆ ಆ ವಾಕ್ಯ
ಅವರಿಗೇ ಸಪ್ಪೆಯಾದದ್ದು
ಹೆಡ್‌ಫೋನಿನಲ್ಲಿ ನನಗೆ ಕೇಳಿಸಿತು.

ದಿಲ್ಲಿಯ ಗೋಡೆಯಲ್ಲಿ ಹನ್ನೊಂದು ಅಡಿಯ ಕಣ್ಣು,
ಹರಾಜಿನಲ್ಲಿ ಕೋಟಿ ದಾಟಿದ ಕಣ್ಣು.
ಎಲ್ಲಕ್ಕೂ ಮೊದಲಿನದು ಬೆಂಗ್ರೆಯ ಹೊಯಿಗೆಯಲ್ಲಿ
ಒಂದು ಬೋಟಿನ ಮೂತಿಯ ಮೇಲೆ ಉಂಟಂತೆ.
ಆಗಿನ ಕೂಲಿ ಹದಿನೆಂಟು ರೂಪಾಯಿ,
ಒಂದು ಬುಟ್ಟಿ ಬೂತಾಯಿ.

ಜುಲೈ ಮುಗಿಯಲು ಮೂರು ದಿನ.
ರಜೆಯ ಬೋಟುಗಳು ಟಾರ್ಪಾಲಿನ ಅಡಿಯಲ್ಲಿ
ಹೊಟ್ಟೆ ತೋರಿಸಿ ನಿಂತಿದ್ದವು.
ತೌಸೀಫ್ ಎಂಬ ಹುಡುಗ, ಕಿವಿಯ ಮೇಲೆ ಕುಂಚ,
ಕಾಂಚನ್ ಯಾರೆಂದು ಗೊತ್ತಿಲ್ಲ.
"ಕಣ್ಣಾ? ಉಂಟಲ್ಲ. ಇದೇ."
ಜಲಜಾಕ್ಷಿ ಎಂಬ ಹೆಸರಿನ ಪಕ್ಕ
ಅಂಗಡಿಯ ನೀಲಿ, ಬೆಳಿಗ್ಗೆಯಷ್ಟೇ ಬಳಿದದ್ದು.

ಮೇಡಮ್ಮಿನ ಚೀಲದಲ್ಲಿ ಒಂದು ಪಟ್ಟಿ:
ವರ್ಷ, ಮಾಧ್ಯಮ, ಅಳತೆ, ಈಗ ಯಾರ ಬಳಿ.
ನಲವತ್ತೊಂದು ಮಳೆಗಾಲವನ್ನು, ಅಷ್ಟೇ ಕೋಟು ಬಣ್ಣವನ್ನು
ಯಾವ ಕಾಲಮ್ಮಿನಲ್ಲಿ ತುಂಬುವುದು?

"ಒಂಚೂರು ಕೆರೆದು ನೋಡಬಹುದಾ?"
"ಕೆರೆದ್ರೆ ಮರ ನೀರು ಕುಡೀತದೆ. ಒಂದನೇ ತಾರೀಕಿಗೆ ಇಳಿಸ್ಲಿಕ್ಕುಂಟು."
"ಮತ್ತೆ ನೀವು ಬಿಡಿಸುವುದು ಹೇಗೆ? ಹಳೇ ಫೋಟೋ?"
"ಫೋಟೋ ಎಂತಕ್ಕೆ! ಕೈಗೆ ಸಿಗ್ತದೆ ಗೆರೆ.
ಮೊದಲು ಮಾಡಿದವ ಉಳಿಯಲ್ಲಿ ಗೀರಿದ್ದಾನೆ, ಕಳ್ಳ.
ಉಮ್ಮರಾಕ ಕುಂಚ ಕೊಡುವಾಗ ಹೇಳಿದ್ದು ಅಷ್ಟೇ,
ನೋಡ್ಬೇಡ, ಮುಟ್ಟು.
ತಗ್ಗು ತುಂಬ್ತಾ ಬಂತು. ಇನ್ನು ನಾಲ್ಕೈದು ವರ್ಷ ಸಿಕ್ಕೀತು.
ಅಷ್ಟರಲ್ಲಿ ಇದೂ ಫೈಬರ್."

ಮೇಡಂ ಕನ್ನಡಕ ತೆಗೆದು ನನ್ನ ಕೈಗೆ ಕೊಟ್ಟರು.
ಕಣ್ಣು ಮುಚ್ಚಿದರು.
ಒಣಗದ ಬಣ್ಣದ ಮೇಲೆ ಅಂಗೈ ಇಟ್ಟರು,
ಹುಡುಗ ಅಯ್ಯೋ ಎನ್ನುವ ಮೊದಲೇ.

ಕ್ಯಾಮರಾದ ವಿಲಾಸ ತಲೆಯಾಡಿಸಿದ:
ಏನೂ ಬರುವುದಿಲ್ಲ ಇದರಲ್ಲಿ,
ನರೆತ ಜಡೆಯೊಂದು, ನೀಲಿ ಹಲಗೆಯೊಂದು.
ನಾನು ಮೈಕನ್ನು ಮರಕ್ಕೆ ಹತ್ತಿರ ಹಿಡಿದೆ.
ಅಂಟಂಟಾದ ಸಣ್ಣ ಸದ್ದು,
ಹಸುಳೆಯ ಬೆನ್ನಿಗೆ ಎಣ್ಣೆ ಹಚ್ಚಿದಂತೆ.
ಮೇಲಿನ ರೆಪ್ಪೆ ಹತ್ತಿತು, ಮೂಲೆಯಲ್ಲಿ ತಿರುಗಿತು,
ಕೆಳಗೆ ಒಂದು ಕಡೆ ನಿಂತಿತು.
ಹಿಂದೆ ಹೋಯಿತು. ಮತ್ತೆ ಅಲ್ಲಿಗೇ ಬಂತು.
"ಇಲ್ಲಿ ಉಳಿ ಜಾರಿದೆ," ಎಂದರು,
ಗಂಟಲು ಸರಿಮಾಡಿಕೊಳ್ಳದೆ.

ಇಪ್ಪತ್ತೆರಡು ಸೆಕೆಂಡು.
ದಿಲ್ಲಿಯವರು ಕೇಳಿದರು: ಪರದೆಯಲ್ಲಿ ಏನೂ ಇಲ್ಲವಲ್ಲ?
ತೆಗೆದುಹಾಕಿದೆ. ಸಂಬಳ ಅದಕ್ಕೇ.
ಚಿತ್ರದಲ್ಲೀಗ ಕಡವಿನ ಮಾತುಂಟು, ಮೂರನೆಯ ಸಲದ್ದು,
ಹಿಂದೆ ಕೊಳಲು.

ಹೆಬ್ಬೆರಳೂರಿ ತೌಸೀಫ್ ಆ ನೀಲಿಯನ್ನು
ಮತ್ತೊಮ್ಮೆ ಬಳಿದಿರಬೇಕು. ನಾವು ಕಾಯಲಿಲ್ಲ, ಕೊನೆಯ ದೋಣಿ ಇತ್ತು.
ಹತ್ತುವಾಗ ಮೇಡಂ ಆಯ ತಪ್ಪಿ ಹಿಡಿದದ್ದು
ನನ್ನ ಮೈಕಿನ ತುಪ್ಪುಳದ ಟೊಪ್ಪಿಗೆಯನ್ನು.
ಸೀಮೆಎಣ್ಣೆಗೂ ಹೋಗಲಿಲ್ಲ ಅದು.

ಮೊನ್ನೆ ಅಲೆವೂರಿನಲ್ಲಿ, ಏಳನೆಯ ಕಲಾವಿದರ ಮನೆಯಲ್ಲಿ,
ಮೊಮ್ಮಗಳು ಮೈಕಿಗೆ ಬೆರಳು ತೋರಿಸಿ ಕೇಳಿದಳು:
"ಇದೆಂತ ಕಲೆ?"
ಮೇಡಂ ನನ್ನತ್ತ ನೋಡಿದರು.
ರೆಕಾರ್ಡಿಂಗ್ ನಡೀತಾ ಉಂಟು ಎಂದು
ಸುಮ್ಮನೆ ಬೆರಳೆತ್ತಿದೆ.