ಅಳತೆಗೆ ಸಿಗದ ಮೂಗು

ಅಠರಾ ಕಚೇರಿಯ ಹಿಂದಿನ ಕೋಣೆಯಲ್ಲಿ
ಹೊನವಾಡ ಗುಮಾಸ್ತರು ಧೂಳು ಕೊಡವಿ
ಕೆಂಪು ಬಟ್ಟೆಯ ಗಂಟು ಬಿಚ್ಚಿದರು.
ಬಾದಶಹನ ಗೋಡೆ, ದೊರೆಯ ಕಪಾಟು,
ಫ್ಯಾನು ಮಾತ್ರ ನಮ್ಮ ಸರಕಾರದ್ದು.
'ಐವತ್ತರ ಹಿಂದಿನ ದಾಖಲೆ ಬೇಕು ತಂಗಿ,
ನಿಮ್ಮ ಜಾತಿ ನಿಮ್ಮದs ಅಂತ
ಯಾರರೆ ಬರದಿರಬೇಕಲ್ಲ?'

ಬರೆದಿದ್ದರು.
ಹೊಲವಿದ್ದವರಿಗೆ ಪಹಣಿ,
ಸಾಲಿ ಕಲಿತವರಿಗೆ ದಾಖಲಾತಿ,
ನಮಗೆ ಇದೊಂದೇ, ಸೆಟ್ಲಮೆಂಟಿನ ಹಾಜರಿ ಪುಸ್ತಕ:
ಹುಟ್ಟುತ್ತಲೇ ಕಳ್ಳರಾದವರ ಪಟ್ಟಿ.

ನಂಬರು ಮುನ್ನೂರಾ ಹದಿನೇಳು.
ಹುಲಿಗೆವ್ವ, ಗಂಡ ಭೀಮಶಾ.
ಕಸುಬು: ಬುಟ್ಟಿ, ಕಸಬರಿಗೆ, ಹಚ್ಚೆ.
ಸ್ವಭಾವ, ಬೇರೆ ಶಾಯಿಯಲ್ಲಿ: ನಂಬಿಕೆಗೆ ಅರ್ಹಳಲ್ಲ.
ಕೆಳಗೆ ಹತ್ತು ಬೆರಳಿನ ಕಪ್ಪು.
ಒಂದು ತುಸು ಜಾರಿದೆ;
ಕೈ ಹಿಂದೆಳೆದಿರಬೇಕು, ಇಲ್ಲವೇ ನಕ್ಕಿರಬೇಕು.

ಅಜ್ಜಿ ಸಾಬವ್ವ ಹೇಳುತ್ತಿದ್ದಳು:
'ದೊರಿ ಒಬ್ಬಾಂವ ಬಂದಿದ್ದ, ಇಕ್ಕಳದಂಥಾದ್ದು ಹಿಡಕೊಂಡು.
ತಲಿ ಅಳದ, ಗದ್ದ ಅಳದ, ಕಿವಿಯಿಂದ ಕಿವಿಗೆ ಅಳದ.
ನಮ್ಮವ್ವನ ಮುಂದ ನಿಂತು ಮೂಗುತಿ ತಗಿ ಅಂದ.
ಇದನ್ನ ಸುಡಗಾಡಿಗೆ ಒಯ್ಯೂ ದಿನಾ ತಗೀತಾರ ಸಾಹೇಬ,
ಅವತ್ತ ಬಾ, ಅಂದ್ಲಂತ.'
ದುಭಾಷಿ ಅದನ್ನು ಏನೆಂದು ತಿರುವಿದನೋ,
ದೊರೆ ತಲೆಯಾಡಿಸಿ ಮುಂದಿನವಳ ಹತ್ತಿರ ಹೋದ.

ಈಗ ನನ್ನ ಬೆರಳು ಆ ಸಾಲಿನ ಮೇಲೆ.
ತಲೆಯ ಉದ್ದವಿದೆ. ಅಗಲವಿದೆ.
ಮೂಗಿನ ಕಲಮು ಖಾಲಿ.
ಹಳದಿ ಹಾಳೆಯಲ್ಲಿ ಅಷ್ಟೇ ಅಷ್ಟು ಜಾಗ,
ಒಂದು ಜೋಳದ ಕಾಳು ಕೂರುವಷ್ಟು,
ಯಾರೂ ಕಾಲಿಡದೆ ಉಳಿದಿದೆ.

ದಿನಕ್ಕೆ ಮೂರು ಸಲ ಗಂಟೆ, ಮೂರು ಸಲ ಹೆಸರು.
ಸಾಬವ್ವ ಹುಟ್ಟಿದ್ದು ರಾತ್ರಿ ಹಾಜರಿಗೆ.
ತಟ್ಟಿಯ ಒಳಗಿನಿಂದ ಹೆರುವವಳು 'ಹಾಜರ್' ಎಂದಳಂತೆ,
ಹಿಂದೆಯೇ ಕೂಸು ಅತ್ತಿತಂತೆ.
ಹವಾಲ್ದಾರ ಕಂದೀಲು ಎತ್ತಿ
ಎರಡು ಗೀಟು ಎಳೆದ.

ಹುಲಿಗೆವ್ವನೂ ಬರೆದವಳೇ, ಚುಚ್ಚಿ ಬರೆದವಳು.
ತಿಕೋಟೆಯಿಂದ ಬಬಲೇಶ್ವರದ ತನಕ
ದೊಡ್ಡ ಮನೆಯ ಹೆಂಗಸರ ಮುಂಗೈ ಮೇಲೆ
ಚೇಳು, ಬಾವಿ, ತವರಿನ ತೊಟ್ಟಿಲು.
ಅವೂ ದಾಖಲೆಗಳೇ. ಒಬ್ಬೊಬ್ಬರ ಜೊತೆ ಮಣ್ಣಾದವು.
ಆದರೆ ಅವಳು ಸೂಜಿ ಇಡುವ ಮುಂಚೆ
ಕೇಳುತ್ತಿದ್ದಳು: ಚುಚ್ಚಲೇನವ್ವಾ?

ನಾನು ಹತ್ತನೇ ಇಯತ್ತೆಯಲ್ಲಿದ್ದಾಗ
ಧಾರವಾಡದಿಂದ ಒಬ್ಬ ಸಂಶೋಧಕ ಬಂದ.
ಒಳ್ಳೆಯ ಹುಡುಗ. ಚಪ್ಪಲಿ ಹೊರಗೆ ಬಿಟ್ಟ,
ಕೌದಿಯ ಮೇಲೆ ಕೂತ, ನಮ್ಮ ಕಪ್ಪಿನಲ್ಲೇ ಚಹಾ ಕುಡಿದ.
'ನಿಮ್ಮ ಒಳಮಾತಿನಲ್ಲಿ ನಿಮ್ಮ ಹೆಸರೇನು?'
ಸಾಬವ್ವ ಮೂರು ಹೇಳಿದಳು. ಮೂರೂ ಸುಳ್ಳು.
ಅವನು ಹೋದ ಮೇಲೆ ಎಲೆ ಅಡಿಕೆ ಉಗುಳಿ,
'ಪಾಪ, ಎಷ್ಟ ಚಂದ ಬರಕೊಂಡ' ಅಂದಳು.
ನಾಲ್ಕನೆಯದು ನನ್ನ ಹತ್ತಿರವಿದೆ.
ಈ ಸಾಲುಗಳಲ್ಲಿ ಹುಡುಕಬೇಡಿ.

'ಪುಸ್ತಕದಾಗ ಕೈಕಾಡಿ,
ಅರ್ಜಿಯೊಳಗ ಕೊರಮ,
ಓಣಿಯಾಗ ಕೊರವರು ಅಂತಾರ.
ಖರೇ ಯಾವುದು ತಂಗಿ?' ಹೊನವಾಡರು
ಸಿಟ್ಟಿನಿಂದಲ್ಲ, ದಣಿವಿನಿಂದ ಕೇಳಿದರು.
ಕೇಳಿಸಿಕೊಂಡವನೊಬ್ಬ, ಬರೆದವನೊಬ್ಬ,
ತಿದ್ದಿದವನು ಇನ್ನೊಬ್ಬ;
ನಾವು ಮಾತ್ರ ಬಾಗಿಲ ಹೊರಗೆ ಸಾಲಾಗಿ
'ಹಾಜರ್' ಅನ್ನುತ್ತಲೇ ಇದ್ದೆವು.

'ಮತ್ತ ಈ ಕಲಮ್ಯಾಕ ಖಾಲಿ ಐತಿ?'
'ಅದು ನಮ್ಮ ಮುತ್ತಜ್ಜಿ ರುಜು ರೀ.'
ಅವರು ಕನ್ನಡಕ ತೆಗೆದರು, ಒರೆಸಿದರು,
ಏನೂ ಅನ್ನಲಿಲ್ಲ. ಶಿಕ್ಕಾ ಎಲ್ಲಿದೆಯೆಂದು ಹುಡುಕತೊಡಗಿದರು.

ಹೊರಗೆ ಜೆರಾಕ್ಸಿನವನು
ಪುಟಕ್ಕೆ ಮೂರು ರೂಪಾಯಿ ತೆಗೆದುಕೊಂಡ.
ಹಸಿರು ಬೆಳಕು ಹರಿದಾಡಿ ಹಾಳೆ ಹೊರಬಿತ್ತು.
ಕಪ್ಪು ಬೆರಳುಗಳ ಹಾಗೆಯೇ
ಖಾಲಿ ಜಾಗವೂ
ಕೈಗೆ ಬಿಸಿಯಾಗಿ ತಾಗಿತು.