ಒಂದೇ ಮೊಟ್ಟೆ, ಐದು ಮುಖ

ಆ ಚಳಿಗಾಲ ತ್ಬಿಲಿಸಿಯಲ್ಲಿ ಕರೆಂಟು
ಮುನಿಸಿಕೊಂಡ ಅಳಿಯನ ಹಾಗೆ:
ಬಂದರೆ ಬಂತು, ಹೋಗುವಾಗ ಯಾರಿಗೂ ಹೇಳುತ್ತಿರಲಿಲ್ಲ.
ಗ್ಲದಾನಿಯ ನಮ್ಮ ಕಟ್ಟಡದಲ್ಲಿ ನಾವು ಏಳನೇ ಮಹಡಿ.
ನನಗೆ ಹದಿಮೂರು. ಹಣೆ ತುಂಬ ಮೊಡವೆ.
ಬ್ರೆಡ್ಡಿನ ಸಾಲಲ್ಲಿ ನಿಂತೂ ನಿಂತೂ
ದೊಡ್ಡವರ ಕೆನ್ನೆಗಳು ಒಡೆದಿದ್ದವು.

ಲಾಮ್ಜಿರಾ ಚಿಕ್ಕಮ್ಮ, ಬಾಗಿಲು ಮುಚ್ಚಿದ ಬ್ಯೂಟಿ ಪಾರ್ಲರಿನಲ್ಲಿ
ಇಪ್ಪತ್ತು ವರ್ಷ ಮುಖ ತಿಕ್ಕಿದವಳು,
ಹೊಸವರ್ಷದ ಹಿಂದಿನ ಸಂಜೆ ಮನೆಮನೆ ಕದ ತಟ್ಟಿದಳು:
‘ತಿನ್ನಲು ಬಾರದ್ದು ಏನಿದೆಯೋ ಅದನ್ನು ತನ್ನಿ.’

ಬಂತು. ಮೂರು ಸಲ ಕುದಿಸಿ ಬಣ್ಣ ಸೋತ ಚಹಾದ ಚರಟ.
ಬಟಾಟೆ ಸಿಪ್ಪೆ ತೊಳೆದ ನೀರಿನ
ತಳದಲ್ಲಿ ಕೂತ ಒಂದು ಚಮಚ ಬಿಳಿ ಹಿಟ್ಟು.
ಕ್ವಿನ್ಸ್ ಹಣ್ಣು ಎಂದೋ ಮುಗಿದಿತ್ತು, ಬೀಜ ಉಳಿದಿತ್ತು.
ಕುತಾಯಿಸಿ ಕಡೆಯ ತವರಿನ ಬೂದು ಜೇಡಿಯನ್ನು
ಚಿಕ್ಕಮ್ಮ ತಾನೇ ಪೆಟ್ಟಿಗೆಯಿಂದ ತೆಗೆದಳು.
ಕೊನೆಗೆ ಸಿರಾನುಷ್, ಉಣ್ಣೆಯ ಕಾಲುಚೀಲದೊಳಗೆ ಸುತ್ತಿ
ಒಂದು ಮೊಟ್ಟೆ.

‘ಹೊಟ್ಟೆಗೆ ಹಿಟ್ಟಿಲ್ಲ, ಮುಖಕ್ಕೆ ಮೊಟ್ಟೆಯೇ!’
ಗಣಿತದ ಟೀಚರ್ ನಾಜಿಬ್ರೋಲಾ ಸಿಡುಕಿದಳು.
ಎಲ್ಲರೂ ಮೊಟ್ಟೆಯನ್ನೇ ನೋಡಿದೆವು.
ಸ್ಟೌವಿನ ನೀಲಿ ಬೆಳಕಿನಲ್ಲಿ ಅದೂ ನೀಲಿಯಾಗಿತ್ತು.
ಚಿಕ್ಕಮ್ಮ ಪಾತ್ರೆಯ ಅಂಚಿಗೆ ಟಕ್ಕೆಂದು ಬಡಿದಳು:
‘ಒಳಗಿನದು ನಿನ್ನ ಮೊಮ್ಮಗನಿಗೆ. ಗೋಡೆಗೆ ಅಂಟಿದ್ದು ನನಗೆ.’
ಚಿಪ್ಪನ್ನು ಉಂಗುರದ ಬೆರಳಲ್ಲಿ ಸವರಿ ಸವರಿ
ಕಣ್ಣ ಕೆಳಗೆ ಬಳಿದುಕೊಂಡಳು.

ಆಮೇಲೆ ನಮ್ಮ ಸರದಿ. ಕತ್ತಲಲ್ಲಿ ಒಬ್ಬೊಬ್ಬರ ಗಲ್ಲ ಹಿಡಿದು
ಕಲ್ಲಂಗಡಿ ಪರೀಕ್ಷಿಸುವವಳ ಹಾಗೆ ಒತ್ತಿ ನೋಡಿದಳು.
ಟ್ರಾಲಿಬಸ್ಸಿನ ಕಂಡಕ್ಟರ್ ಜುಜುನಾಗೆ ಜೇಡಿ, ತುಸು ವಿನೆಗರ್ ನೀರು:
‘ನಿನ್ನ ಮೂಗಿನ ಎಣ್ಣೆಯಲ್ಲಿ ವಾರವೆಲ್ಲ ದೀಪ ಉರಿಸಬಹುದಿತ್ತಲ್ಲೇ.’
ನಾಜಿಬ್ರೋಲಾಳದು ಬೆರಳಿಗೆ ಬೋರಲು ಹಾಳೆ;
ರಾತ್ರಿಯೆಲ್ಲ ನೆನೆದ ಕ್ವಿನ್ಸ್ ಬೀಜದ ಲೋಳೆ,
ಅದಕ್ಕೆ ಮೂರೇ ಹನಿ ಆಕ್ರೋಟದ ಎಣ್ಣೆ. ನಾಲ್ಕನೆಯದು ಬೀಳಲಿಲ್ಲ.
ಸಿರಾನುಷಳದು ಹೆಸರು ಹಿಡಿದು ಕರೆದರೂ ಕೆಂಪಾಗುವ ಚರ್ಮ:
ಹುಳಿ ಬೇಡ, ಜೇಡಿ ಬೇಡ, ಬರೀ ಬಟಾಟೆ ಹಿಟ್ಟು,
ಅದೂ ಮೊದಲು ಕಿವಿಯ ಹಿಂದೆ ಹಚ್ಚಿ, ಕಾದು, ಕೇಳಿ.
ನನ್ನ ಹಣೆಗೆ ಚಹಾ ಚರಟ ಕಲೆಸಿದ ಜೇಡಿ,
ಕೈಗೊಂದು ಏಟು: ‘ಕೆರೆಯಬೇಡ.’

‘ಇಪ್ಪತ್ತು ನಿಮಿಷ ಮಾತಿಲ್ಲ, ನಗೆಯಿಲ್ಲ.
ಬಿರುಕು ಬಿಟ್ಟರೆ ಮತ್ತೆ ಕಲೆಸಲು ಮಣ್ಣಿಲ್ಲ.’
ಜುಜುನಾ, ನಾಜಿಬ್ರೋಲಾ ಇಬ್ಬರಿಗೂ ಕಷ್ಟವಾಗಲಿಲ್ಲ;
ಅಂಗಳದ ಮರ ಯಾರು ಕಡಿದರೆಂಬ ಜಗಳದಲ್ಲಿ
ಅಕ್ಟೋಬರಿನಿಂದ ಮಾತು ಬಿಟ್ಟಿದ್ದರು.
ಮುಖ ಬಿಗಿಯುತ್ತ ಬಂತು. ಯಾರದೋ ಹೊಟ್ಟೆ ಗುರ್ರೆಂದಿತು.

ಕರೆಂಟು ಬಂತು.

ಮೂರು ದಿನದಿಂದ ಆರಿಸಲು ಮರೆತ ಬಲ್ಬು
ಭಗ್ಗನೆ ಹೊತ್ತಿತು, ಪಕ್ಕದ ಮನೆಯ ಟೀವಿ ಕಿರುಚಿತು.
ಒಂದು ಒಣಗಿದ ಕೆರೆ, ಒಂದು ಸುಣ್ಣದ ಗೋಡೆ,
ಮಧ್ಯೆ ಮಿರಿಮಿರಿ ಮಿಂಚುವ ಗಣಿತ.
ಜುಜುನಾ ತಡೆದಳು, ತಡೆದಳು, ಆಗಲಿಲ್ಲ:
‘ನಾಜಿ, ನಿನ್ನ ಮುಖದ ಮೇಲೆ ಬಸವನಹುಳು ಓಡಾಡಿದೆ.’
ಮೊದಲು ನಕ್ಕವಳು ನಾಜಿಬ್ರೋಲಾ.
ಪಟಪಟ ಜೇಡಿ ಮೇಜಿನ ಮೇಲೆ ಉದುರಿತು.

ಕೆಳಗೆ ಪಂಪು ಗುಂಯ್‌ಗುಡುತ್ತಿತ್ತು, ನಲ್ಲಿಗೆ ನೀರು ಏರುತ್ತಿತ್ತು,
ಬಕೆಟ್ಟು ಒಬ್ಬರಿಗೂ ನೆನಪಾಗಲಿಲ್ಲ.
ನೆನಪಾದಾಗ ಕರೆಂಟು ಹೋಗಿತ್ತು.
ನಲ್ಲಿ ಎರಡು ಸಲ ಕೆಮ್ಮಿ ಸುಮ್ಮನಾಯಿತು.

ಕೋಟು ಹಾಕಿ, ಕಂಬಿ ಹಿಡಿದು, ಏಳು ಮಹಡಿ ಇಳಿದೆವು.
ಅಂಗಳದ ಹಿಮವನ್ನು ಬೊಗಸೆಯಲ್ಲಿ ಎತ್ತಿ ಉಜ್ಜಿಕೊಂಡೆವು.
ಸೀಮೆಎಣ್ಣೆ ಹೊತ್ತು ಬಂದ ಅವ್ತಾಂದಿಲ್
ಡಬ್ಬಿ ಕೆಳಗಿಟ್ಟು ಶಿಲುಬೆಯ ಗುರುತು ಮಾಡಿಕೊಂಡ.

ನನ್ನ ಮೊಡವೆ ಹೋಗಲಿಲ್ಲ, ಅದು ಬೇರೆ ಮಾತು.
ಹತ್ತುವಾಗ ನಾಲ್ಕನೆಯದೋ ಐದನೆಯದೋ ಮಹಡಿಯಲ್ಲಿ,
ಕಣ್ಣಿಗೆ ಏನೂ ಕಾಣದ ತಿರುವಿನಲ್ಲಿ,
‘ತಡಿ, ಕಿವಿಯ ಹತ್ತಿರ ಇನ್ನೂ ಇದೆ’ ಎಂದಳು ಒಬ್ಬಳು.
ಇನ್ನೊಬ್ಬಳು ನಿಂತಳು.